ಕಪಿಲೆಯ ಹಳೇ ಚಿತ್ರ ಹುಡುಕಿಕೊಂಡು

ಟೀವಿಯಲ್ಲಿ ಹಳೇ ಮೈಸೂರಿನ ಬಗ್ಗೆ ಕಾರ್ಯಕ್ರಮ ಬಂದಾಗ ಒಂದ್ಸಲ ಗಮನಿಸಿ ನೋಡಿ. ಮಾತು ಹೊಸದಾಗಿರುತ್ತೆ, ಚಿತ್ರ ಮಾತ್ರ ಅದೇ. ಕಪ್ಪು-ಬಿಳುಪಿನ ಜಂಬೂಸವಾರಿ, ಅಂಬಾರಿ, ಅರಮನೆ ಮುಂದಿನ ಕುದುರೆ ಸಾಲು. ಕಥೆ ನಂಜನಗೂಡಿನದಾದರೂ ಅದೇ, ತಿ. ನರಸೀಪುರದ್ದಾದರೂ ಅದೇ. ಮೈಸೂರಿನಿಂದ ಅರ್ಧ-ಮುಕ್ಕಾಲು ಗಂಟೆ ದೂರದ ಈ ಎರಡು ಊರುಗಳು ಹಳೇ ಕಾಲದಲ್ಲಿ ಹೇಗೆ ಓಡಾಡ್ತಿದ್ದವು, ಹೊಳೆ ಹೇಗೆ ಹರೀತಿತ್ತು ಅಂತ ತೋರಿಸೋಕೆ ಯಾರ ಹತ್ತಿರವೂ ಚಿತ್ರ ಇಲ್ವಾ?

ಇದೆ. ಆದರೆ ಹುಡುಕಬೇಕು. ಹುಡುಕೋದೇ ಕೆಲಸ ಮಾಡಿಕೊಂಡವರೂ ಇದ್ದಾರೆ. ನನ್ನ ದೊಡ್ಡಮ್ಮನ ಮಗಳು ಅಂಥವಳು. ಸಾಕ್ಷ್ಯಚಿತ್ರ, ಸಿನಿಮಾ, ಟೀವಿ ಕಾರ್ಯಕ್ರಮಗಳಿಗೆ ಬೇಕಾದ ಹಳೇ ಫುಟೇಜ್ ಎಲ್ಲಿದೆ ಅಂತ ಪತ್ತೆ ಮಾಡಿ, ಅದು ನಿಜಕ್ಕೂ ಆ ಊರಿನದೇ, ಆ ಕಾಲದ್ದೇ ಅಂತ ಖಾತ್ರಿ ಮಾಡಿ, ಅದರ ಹಕ್ಕು ಯಾರದು ಅಂತ ತಿಳಿದು, ಅನುಮತಿ ಪಡೆದು ತಂದುಕೊಡುವುದು ಅವಳ ಕೆಲಸ. ಕಳೆದ ವರ್ಷ ಕಪಿಲಾ ನದಿ ಬಗ್ಗೆ ಒಂದು ಗಂಟೆಯ ಚಿತ್ರದ ಕೆಲಸ ಅವಳಿಗೆ ಸಿಕ್ಕಿತ್ತು. "ನೀನು ಕಂಪ್ಯೂಟರ್ ಹುಡುಗ, ಒಂದಿಷ್ಟು ಸಹಾಯ ಮಾಡೋ" ಅಂತ ಫೋನ್ ಮಾಡಿದಳು. ಹಾಗೆ ಶುರುವಾಯ್ತು ನಮ್ಮ ಪ್ರವಾಸ.

ಮೊದಲ ಹದಿನೈದು ದಿನ ಪ್ರವಾಸ ಎಲ್ಲಾ ಲ್ಯಾಪ್‌ಟಾಪ್ ಮೇಲೇ. ನಮ್ಮ ದೇಶದಲ್ಲಿ ಇಂಥ ಹುಡುಕಾಟಕ್ಕೆ ದೊಡ್ಡ ಬಾಗಿಲುಗಳು ಎರಡು. ಒಂದು, 1964ರಲ್ಲಿ ಪುಣೆಯಲ್ಲಿ ಶುರುವಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ. ಇನ್ನೊಂದು, 1948ರಿಂದ ಸುದ್ದಿಚಿತ್ರ, ಸಾಕ್ಷ್ಯಚಿತ್ರ ಮಾಡಿದ ಮುಂಬೈನ ಫಿಲ್ಮ್ಸ್ ಡಿವಿಷನ್. 2022ರಲ್ಲಿ ಎರಡೂ ಎನ್‌ಎಫ್‌ಡಿಸಿ ಒಳಗೆ ಸೇರಿಕೊಂಡವು. ಹೊರದೇಶದಲ್ಲಿ ಬ್ರಿಟಿಷ್ ಪಾಥೆ ಇದೆ. 2014ರಲ್ಲಿ ತನ್ನ ಸುಮಾರು 85 ಸಾವಿರ ತುಣುಕುಗಳನ್ನು ಯೂಟ್ಯೂಬಿಗೆ ಹಾಕಿತು. ಕೇಂಬ್ರಿಡ್ಜ್ ವಿಶ್ವವಿದ್ಯಾಲಯದ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರದಲ್ಲಿ, ಬ್ರಿಟಿಷರ ಕಾಲದಲ್ಲಿ ಇಲ್ಲಿದ್ದ ಕುಟುಂಬಗಳು ತಮ್ಮ ಖುಷಿಗೆ ತೆಗೆದ ಮನೆ-ಸಿನಿಮಾಗಳಿವೆ. ಮನೇಲಿ ಕೂತೇ ನೋಡಬಹುದು.

ಕಷ್ಟ ಏನಪ್ಪಾ ಅಂದ್ರೆ ಹೆಸರು. ರೀಲಿನ ಡಬ್ಬಿ ಮೇಲೆ ಚೀಟಿ ಅಂಟಿಸಿದವರಿಗೆ ನಂಜನಗೂಡು ಬಾಯಿಗೆ ಬಂದಿರಲ್ಲ. ನಂಜೆಂಗೋಡ್, ನುಂಜನಗುಡ್, ನಂಜನ್‌ಗುಡ್, ಹೀಗೆ ಒಬ್ಬೊಬ್ಬರದು ಒಂದೊಂದು. ನರಸೀಪುರದ ಪಾಡು ಇನ್ನೂ ಕಷ್ಟ. ಆ ಹೆಸರಲ್ಲಿ ಹುಡುಕಿದರೆ ಹೊಳೆನರಸೀಪುರ ಬರುತ್ತೆ, ಆಂಧ್ರದ ನರಸಾಪುರ ಬರುತ್ತೆ, ಮಧ್ಯಪ್ರದೇಶದ ನರಸಿಂಗಪುರವೂ ಬರುತ್ತೆ. ಹಾಗಾಗಿ ಒಂದು ಹೆಸರಿನ ಎಲ್ಲ ತಪ್ಪು ಕಾಗುಣಿತಗಳನ್ನೂ ಹುಟ್ಟಿಸಿ, ಕ್ಯಾಟಲಾಗ್‌ಗಳಲ್ಲಿ ಒಂದೊಂದಾಗಿ ತಡಕುವ ಸಣ್ಣ ಪ್ರೋಗ್ರಾಂ ಬರೆದುಕೊಟ್ಟೆ. ಸಿಕ್ಕಿದ್ದನ್ನೆಲ್ಲ ಒಂದು ಎಕ್ಸೆಲ್ ಹಾಳೆಗೆ ಇಳಿಸಿದೆವು: ಎಲ್ಲಿದೆ, ಎಷ್ಟು ಸೆಕೆಂಡ್, ಏನು ಕಾಣುತ್ತೆ, ಹಕ್ಕು ಯಾರದು, ಖಾತ್ರಿ ಆಯ್ತೋ ಇಲ್ವೋ.

ಸಿಕ್ಕಿದವುಗಳಲ್ಲಿ ದೊಡ್ಡ ಹೆಸರು 'ಎಲಿಫೆಂಟ್ ಬಾಯ್'. 1937ರ ಈ ಇಂಗ್ಲಿಷ್ ಚಿತ್ರಕ್ಕಾಗಿ ರಾಬರ್ಟ್ ಫ್ಲಾಹರ್ಟಿ ಎಂಬ ಹೆಸರಾಂತ ನಿರ್ದೇಶಕ ಮೈಸೂರಿಗೆ ಬಂದು, ನಂಜನಗೂಡಿಗಿಂತ ಮೇಲೆ ಇದೇ ಕಪಿಲೆಯ ದಂಡೆಯಲ್ಲಿರುವ ಕಾರಾಪುರದ ಕಾಡಿನಲ್ಲಿ ಚಿತ್ರೀಕರಣ ಮಾಡಿದ. ಮಾವುತರ ಮನೆಯ ಹುಡುಗ ಸಾಬು ಅದರಲ್ಲಿ ನಟಿಸಿ ಹಾಲಿವುಡ್‌ವರೆಗೂ ಹೋದ. ಫ್ಲಾಹರ್ಟಿ ಇಲ್ಲಿ ಸುಮಾರು 3 ಲಕ್ಷ ಅಡಿ ಫಿಲ್ಮ್ ಓಡಿಸಿದ ಅಂತ ಹೇಳ್ತಾರೆ. 35 ಎಂಎಂ ಫಿಲ್ಮು ನಿಮಿಷಕ್ಕೆ 90 ಅಡಿ ಓಡುತ್ತೆ. ಲೆಕ್ಕ ಹಾಕಿದರೆ 55 ಗಂಟೆಯ ಚಿತ್ರ! ತೆರೆ ಮೇಲೆ ಬಂದದ್ದು ಒಂದೂಕಾಲು ಗಂಟೆ ಚಿಲ್ಲರೆ, ಅದರಲ್ಲೂ ಒಂದಿಷ್ಟು ಇಂಗ್ಲೆಂಡಿನ ಸ್ಟುಡಿಯೋದಲ್ಲಿ ತೆಗೆದದ್ದು. ಕಬಿನಿ ಅಣೆಕಟ್ಟು 1974ರಲ್ಲಿ ಮುಗಿದ ಮೇಲೆ ಆ ಕಡೆಯ ಹೊಳೆಪಾತ್ರ, ಕಾಡು, ಖೆಡ್ಡಾ ನಡೀತಿದ್ದ ಜಾಗ ಎಷ್ಟೋ ನೀರಿನಡಿ ಹೋದವು. ಈಗ ನೆಲವನ್ನು ನೋಡಬೇಕಂದ್ರೆ ಚಿತ್ರವನ್ನೇ ನೋಡಬೇಕು.

"ವಂಶವೃಕ್ಷ ಇದೆಯಲ್ಲಾ, ಅದನ್ನೇ ಹಾಕಿ" ಅಂತ ಕೇಳಿದವರೆಲ್ಲ ಸಲಹೆ ಕೊಟ್ಟರು. ಎಸ್.ಎಲ್. ಭೈರಪ್ಪನವರ ಕಾದಂಬರಿಯ ಶ್ರೋತ್ರಿಗಳ ಮನೆ ಇರುವುದು ನಂಜನಗೂಡಿನಲ್ಲೇ, ಮಗನನ್ನು ಒಯ್ಯುವುದು ಕಪಿಲೆಯ ಪ್ರವಾಹವೇ. ಬಿ.ವಿ. ಕಾರಂತ ಮತ್ತು ಗಿರೀಶ ಕಾರ್ನಾಡರು ಅದನ್ನು ಸಿನಿಮಾ ಮಾಡಿದರು, 1972ರಲ್ಲಿ ತೆರೆಗೆ ಬಂತು. ಅಕ್ಕ ಒಪ್ಪಲಿಲ್ಲ. "ಕಥೆ ಕಥೆಗೆ ಚೆನ್ನ. ಇದು ನಡೆದದ್ದು ಅಂತ ತೋರಿಸೋ ಚಿತ್ರಕ್ಕೆ ನಟರನ್ನ ಹಾಕಕ್ಕಾಗಲ್ಲ" ಅಂದಳು. ಹಕ್ಕಿನ ಪ್ರಶ್ನೆಯೂ ಇತ್ತು. ನಮ್ಮ ಕಾನೂನಿನಲ್ಲಿ ಸಿನಿಮಾದ ಹಕ್ಕು, ಬಿಡುಗಡೆಯಾದ ವರ್ಷದ ಮುಂದಿನ ಜನವರಿಯಿಂದ 60 ವರ್ಷ. 1972ರ ಚಿತ್ರ ಅಂದ್ರೆ 2032 ಮುಗಿಯುವ ತನಕ ಕೇಳಿಯೇ ಬಳಸಬೇಕು.

ಹಾಗಾದರೆ ಉಳಿದದ್ದೇನು? "ದೊಡ್ಡ ಮನೆಗಳಲ್ಲಿ ಸಿಗದೇ ಇದ್ರೆ ಸಣ್ಣ ಮನೆಗಳಿಗೆ ಹೋಗ್ಬೇಕು" ಅಂದಳು ಅಕ್ಕ. ಅವಳ ಟೇಬಲ್ ಮೇಲೆ ಎ.ಕೆ. ಚೆಟ್ಟಿಯಾರರ ಒಂದು ಫೋಟೋ ಇದೆ. ಆ ತಮಿಳು ಪತ್ರಕರ್ತ ಗಾಂಧೀಜಿ ಬಗ್ಗೆ ಚಿತ್ರ ಮಾಡಬೇಕು ಅಂತ 1930ರ ದಶಕದ ಕೊನೆಯಲ್ಲಿ ಹಡಗು ಹತ್ತಿ, ದೇಶದೇಶ ಅಲೆದು, ಹಲವಾರು ಛಾಯಾಗ್ರಾಹಕರು ಹಿಂದಿನ ಮೂವತ್ತು ವರ್ಷ ತೆಗೆದಿದ್ದ ತುಣುಕುಗಳನ್ನು, ಸುಮಾರು 50 ಸಾವಿರ ಅಡಿಯಷ್ಟು, ಒಟ್ಟು ಹಾಕಿದರು. 1940ರಲ್ಲಿ ಚಿತ್ರ ತೆರೆಕಂಡಿತು. ಇಮೇಲೂ ಇಲ್ಲ, ಗೂಗಲ್ಲೂ ಇಲ್ಲ. ನಮ್ಮದು ಅಷ್ಟು ದೂರದ ದಾರಿ ಅಲ್ಲ. ಒಂದು ಶನಿವಾರ ಬೆಳಗ್ಗೆ ಮೈಸೂರು ಬಿಟ್ಟೆವು.

ನಂಜನಗೂಡಿಗೆ ಹೋಗುವಾಗ ಊರಿಗೆ ಮುಂಚೆ ಸಿಗೋದು ಹಳೇ ಸೇತುವೆ. 1735ರಲ್ಲಿ ದಳವಾಯಿ ದೇವರಾಜಯ್ಯ ಕಟ್ಟಿಸಿದ್ದು ಅಂತ ಪ್ರತೀತಿ. ಸಾಲು ಕಮಾನು, ಗಾರೆ-ಕಲ್ಲಿನ ಕೆಲಸ. ಎತ್ತಿನ ಗಾಡಿ, ದಂಡಿಗೆ ಅಂತ ಕಟ್ಟಿದ ಈ ಸೇತುವೆ ಮೇಲೆ ಮುಂದೆ ಮೀಟರ್ ಗೇಜ್ ರೈಲೂ ಹೋಯ್ತು. ಒಂದು ಕಡೆ ರೈಲು, ಪಕ್ಕದಲ್ಲೇ ರಸ್ತೆ. ಬ್ರಾಡ್ ಗೇಜ್ ಆದ ಮೇಲೆ ರೈಲು ಹೊಸ ಸೇತುವೆಗೆ ಹೋಯ್ತು, ಹಳೇದು ಸುಮ್ಮನೆ ನಿಂತಿದೆ. ಅಕ್ಕನಿಗೆ ಬೇಕಾಗಿದ್ದ ಮೊದಲ ಚಿತ್ರ ಇದೇ: ಈ ಕಮಾನುಗಳ ಮೇಲೆ ರೈಲು ಹೋಗುತ್ತಿರುವುದು. ಸ್ಥಿರಚಿತ್ರ ಬೇಕಾದಷ್ಟು ಸಿಗುತ್ತೆ, ಚಲಿಸುವ ಚಿತ್ರ ಸಿಕ್ಕಿರಲಿಲ್ಲ.

ದೇವಸ್ಥಾನದ ಏಳು ಅಂತಸ್ತಿನ ಗೋಪುರ ದೂರದಿಂದಲೇ ಕಾಣುತ್ತೆ. ಶ್ರೀಕಂಠೇಶ್ವರನಿಗೆ ಕೈಮುಗಿದು, ತೇರಿನ ಬೀದಿಯಲ್ಲಿ ಇಡ್ಲಿ ತಿಂದು, ಹೊಳೆ ಕಡೆ ನಡೆದೆವು. ಸೋಪಾನಕಟ್ಟೆ, ಅದರಾಚೆ ಹದಿನಾರು ಕಾಲು ಮಂಟಪ. ಈ ಮಂಟಪ ಊರಿನವರಿಗೆ ಅಳತೆಗೋಲು. ಕಬಿನಿಯಿಂದ ಹೆಚ್ಚು ನೀರು ಬಿಟ್ಟಾಗ "ಮಂಟಪ ಮುಳುಗ್ತಾ?" ಅಂತಲೇ ಕೇಳೋದು. 2018, 2019ರಲ್ಲಿ ಮುಳುಗಿದ್ದನ್ನು ನಾವೆಲ್ಲ ಮೊಬೈಲಲ್ಲಿ ನೋಡಿದ್ದೇವೆ. ಹಳೇ ಫುಟೇಜ್ ನೋಡುವಾಗಲೂ ಇದು ನಮಗೆ ಅಳತೆಗೋಲೇ ಆಯ್ತು. ಕಂಬ ಎಷ್ಟು ಕಾಣುತ್ತೆ, ನೀರು ಎಷ್ಟಿದೆ ಅಂತ ನೋಡಿದರೆ ಮಳೆಗಾಲವೋ ಬೇಸಿಗೆಯೋ ಗೊತ್ತಾಗುತ್ತೆ. ಐದು ತೇರು ಎಳೆಯೋ ದೊಡ್ಡ ಜಾತ್ರೆ ಮಾರ್ಚ್-ಏಪ್ರಿಲ್ ಹೊತ್ತಿಗೆ; ಹೊಳೆ ಕೆಂಪಗೆ ತುಂಬಿ ಹರೀತಿರೋ ಚಿತ್ರಕ್ಕೆ ಯಾರಾದರೂ "ದೊಡ್ಡ ಜಾತ್ರೆ" ಅಂತ ಚೀಟಿ ಅಂಟಿಸಿದ್ದರೆ ಅನುಮಾನ ಪಡಲೇಬೇಕು.

ಹೋಟೆಲಿನವರನ್ನು ಕೇಳಿ, ಹೂವಿನವರನ್ನು ಕೇಳಿ, ಕೊನೆಗೆ ಒಂದು ವಿಡಿಯೋ ಸ್ಟುಡಿಯೋ ಹಿಡಿದೆವು. ಯಜಮಾನರಿಗೆ ಎಪ್ಪತ್ತರ ಹತ್ತಿರ. ಅಂಗಡಿ ಖಾಲಿ ಮಾಡ್ತಿದ್ದರು. ಮೂಲೆಯಲ್ಲಿ ನಾಲ್ಕು ಗೋಣಿಚೀಲ, ತುಂಬ ವಿಎಚ್‌ಎಸ್ ಕ್ಯಾಸೆಟ್.

"ಗುಜರಿಯವನು ಸೋಮವಾರ ಬತ್ತೀನಿ ಅಂದವ್ನೆ. ಪ್ಲಾಸ್ಟಿಕ್ ಲೆಕ್ಕ, ಕೇಜಿ ಮೇಲೆ" ಅಂದರು.

ಅಕ್ಕ ನನ್ನ ಮುಖ ನೋಡಿದಳು. ಆಮೇಲೆ ಚೀಲ ಬಿಚ್ಚಿ ನೆಲದ ಮೇಲೆ ಕೂತೇಬಿಟ್ಟಳು. ಯಜಮಾನರೂ ಕೂತರು. ಇವರ ಮದುವೆ, ಅವರ ಗೃಹಪ್ರವೇಶ, ನಾಮಕರಣ, ಜಾತ್ರೆ, ತೆಪ್ಪೋತ್ಸವ. ಅಕ್ಕ ಎರಡು ರಾಶಿ ಮಾಡಿಸಿದಳು. ಒಂದು, ಯಾರೋ ದುಡ್ಡು ಕೊಟ್ಟು ತೆಗೆಸಿದ್ದು. ಇನ್ನೊಂದು, ಇವರು ತಾವಾಗಿಯೇ ತೆಗೆದದ್ದು. ಯಾಕೆ ಅಂತ ಕೇಳಿದೆ. ನಮ್ಮ ಕೃತಿಸ್ವಾಮ್ಯ ಕಾನೂನಿನ ಪ್ರಕಾರ, ಬೇರೆ ಒಪ್ಪಂದ ಇಲ್ಲದಿದ್ದರೆ, ದುಡ್ಡು ಕೊಟ್ಟು ಮಾಡಿಸಿಕೊಂಡ ಚಿತ್ರದ ಹಕ್ಕು ಮಾಡಿಸಿದವರದು, ತೆಗೆದವರದಲ್ಲ. ಅಂದರೆ ಮದುವೆ ಕ್ಯಾಸೆಟ್ ಸ್ಟುಡಿಯೋದಲ್ಲಿ ಬಿದ್ದಿದ್ದರೂ ಮನೆಯವರ ಆಸ್ತಿ. ಜಾತ್ರೆಯದು ಯಜಮಾನರದು.

"ಅಂಗಾರೆ ಇವು ನಂದಲ್ವಾ!" ಅಂತ ಅವರು ಮದುವೆ ರಾಶಿ ನೋಡಿ ನಕ್ಕರು. ಆಮೇಲೆ ಒಂದು ಕ್ಯಾಸೆಟ್ ಎತ್ತಿ ಹಿಡಿದರು. "ರೈಲು ಕೇಳುದ್ರಲ್ಲ, ಇದ್ರಲ್ಲದೆ. ಗಂಡಿನ ಕಡೆಯೋರು ಮೈಸೂರಿಂದ ರೈಲಲ್ಲೇ ಬಂದ್ರು. ನಾನು ಸೇತುವೆ ತಾವ ಕ್ಯಾಮೆರಾ ಹಿಡ್ಕಂಡು ನಿಂತಿದ್ದೆ."

ನಮಗೆ ಬೇಕಾದ ಚಿತ್ರ ಮದುವೆ ರಾಶಿಯಲ್ಲೇ ಇತ್ತು! ಮದುಮಗ ಈಗ ಅಜ್ಜ ಆಗಿದ್ದಾರೆ, ಮೈಸೂರಲ್ಲೇ ಇದ್ದಾರೆ. ಯಜಮಾನರೇ ನಂಬರ್ ಹುಡುಕಿ ಫೋನ್ ಮಾಡಿದರು. ಆ ಕಡೆಯಿಂದ ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ, "ಅದು ಇನ್ನೂ ಇದ್ಯಾ? ನಮ್ಮನೇದು ಹಾಳಾಗಿ ಎಷ್ಟೋ ವರ್ಷ ಆಯ್ತು. ರೈಲು ತಗೊಳ್ಳಿ, ಪೂರ್ತಿ ಮದುವೆ ನಮಗೊಂದು ಕಾಪಿ ಮಾಡಿ ಕೊಡಿ" ಅಂದರು. ಗೋಣಿಚೀಲ ನಾಲ್ಕೂ ನಮ್ಮ ಕಾರಿಗೆ ಬಂದವು. ಜಾತ್ರೆ ಕ್ಯಾಸೆಟ್ಟಿಗೆ ಅಕ್ಕ ರಸೀದಿ ಬರೆದು ಮುಂಗಡ ಕೊಟ್ಟಳು. ಮದುವೆಯವನ್ನು ಆಯಾ ಮನೆಗಳಿಗೆ ಮುಟ್ಟಿಸೋ ಪಟ್ಟಿ ನನ್ನ ತಲೆಗೆ ಬಂತು.

ಮಾರನೇ ದಿನ ಭಾನುವಾರ, ತಿ. ನರಸೀಪುರ. ನಂಜನಗೂಡು ದಾಟಿ ಸುತ್ತೂರಿನ ಮೇಲೆ ಹರಿದು ಬರೋ ಕಪಿಲೆ ಇಲ್ಲಿ ಕಾವೇರಿಯನ್ನು ಸೇರುತ್ತಾಳೆ. ಕಣ್ಣಿಗೆ ಕಾಣದ ಸ್ಫಟಿಕ ಸರೋವರವೂ ಸೇರಿ ತ್ರಿವೇಣಿ ಸಂಗಮ ಅಂತ ನಂಬಿಕೆ. ಈ ಕಡೆ ದಂಡೆಯಲ್ಲಿ ಗುಂಜಾ ನರಸಿಂಹಸ್ವಾಮಿ, ಆ ಕಡೆ ತಿರುಮಕೂಡಲಿನಲ್ಲಿ ಅಗಸ್ತ್ಯೇಶ್ವರ. ಗುಂಜಾ ನರಸಿಂಹನ ಕೈಯಲ್ಲಿ ಗುಲಗಂಜಿ ಇದೆ. ಕಾಶಿಗಿಂತ ಈ ಕ್ಷೇತ್ರ ಒಂದು ಗುಲಗಂಜಿ ತೂಕ ಹೆಚ್ಚು ಅಂತ ಊರವರು ಹೆಮ್ಮೆಯಿಂದ ಹೇಳ್ತಾರೆ.

ಇಲ್ಲಿ ಕುಂಭಮೇಳ ಶುರುವಾದದ್ದು 1989ರಲ್ಲಿ. ಆಮೇಲೆ ಮೂರು ವರ್ಷಕ್ಕೊಮ್ಮೆ ನಡೀತಾ ಬಂದು, ಕೋವಿಡ್ ಕಾಲದಲ್ಲಿ ನಿಂತು, 2025ರ ಫೆಬ್ರುವರಿಯಲ್ಲಿ ಮತ್ತೆ ನಡೆಯಿತು. ಅಕ್ಕನ ಚಿತ್ರ ಮುಗಿಯುವುದು ಸಂಗಮದಲ್ಲಿ, ಹಾಗಾಗಿ ಮೊದಲ ಮೇಳದ ಚಿತ್ರ ಬೇಕಿತ್ತು. ಒಬ್ಬ ನಿವೃತ್ತ ಮೇಷ್ಟ್ರ ಮನೆಯಲ್ಲಿ ಇದೆ ಅಂತ ಸ್ಟುಡಿಯೋ ಯಜಮಾನರೇ ಸುಳಿವು ಕೊಟ್ಟಿದ್ದರು.

ಮೇಷ್ಟ್ರು ತೀರಿಕೊಂಡು ಹನ್ನೆರಡು ವರ್ಷ. ಅವರ ಮನೆಯಾಕೆ ಒಬ್ಬರೇ ಇದ್ದಾರೆ. ಮಜ್ಜಿಗೆ ಕೊಟ್ಟು, ಬೀರುವಿನ ಸೀರೆ ಕೆಳಗಿಂದ ಒಂದು ಕ್ಯಾಸೆಟ್ ತಂದರು. ಮೇಲೆ ಮೇಷ್ಟ್ರ ಅಕ್ಷರ, ಬರೀ 'ಕುಂಭಮೇಳ'. ಇಸವಿ ಇಲ್ಲ.

"ಮದ್ವೆಗೆ ಬಂದಿದ್ದ ಕ್ಯಾಮೆರಾದೋರನ್ನೇ ದುಡ್ಡು ಕೊಟ್ಟು ಎರಡು ದಿನ ಇಟ್ಕೊಂಡಿದ್ರು. ನಾನು ಬೈದಿದ್ದೆ, ಇದ್ಯಾವ ಖರ್ಚು ಅಂತ" ಅಂದರು. ನೋಡೋ ಮೆಷಿನ್ ಕೆಟ್ಟು ಇಪ್ಪತ್ತು ವರ್ಷ ಆಯಿತಂತೆ. "ಅದ್ರಲ್ಲಿ ಅವ್ರು ಕಾಣಲ್ಲ ಕಣಮ್ಮ, ಕ್ಯಾಮೆರಾ ಪಕ್ಕ ನಿಂತು ಮಾತಾಡ್ತಾ ಹೋಗ್ತಾರೆ, ಕ್ಲಾಸಲ್ಲಿ ಪಾಠ ಹೇಳೋ ಥರ. ನೀವು ಚಿತ್ರ ಏನಾರ ಮಾಡ್ಕೊಳ್ಳಿ. ನಂಗೆ ಅವ್ರ ದನಿ ಕೇಳಂಗೆ ಮಾಡ್ಕೊಡ್ತೀರಾ?"

ಮಾಡಿಕೊಡ್ತೀವಿ ಅಂತ ಅಕ್ಕ ಹೇಳಲಿಲ್ಲ. "ಪ್ರಯತ್ನ ಮಾಡ್ತೀವಿ ಅಮ್ಮ" ಅಂದಳು. ಕ್ಯಾಸೆಟ್ಟಿನ ಪುಟ್ಟ ಕಿಟಕಿಯಲ್ಲಿ ಬಿಳಿ ಬಿಳಿ ಚುಕ್ಕೆ ಕಾಣಿಸಿತ್ತು. ಬೂಷ್ಟು.

ಬೂಷ್ಟು ಹಿಡಿದ ಟೇಪನ್ನು ಹಾಗೇ ಓಡಿಸಿದರೆ ಟೇಪೂ ಹರಿಯುತ್ತೆ, ಮೆಷಿನ್ನಿನ ಹೆಡ್ಡೂ ಕೊಳೆಯಾಗುತ್ತೆ, ಮುಂದೆ ಹಾಕಿದ ಟೇಪಿಗೂ ಅಂಟುತ್ತೆ. ಮೈಸೂರಿನಲ್ಲಿ ಒಬ್ಬ ಹಳೇ ಮೆಕ್ಯಾನಿಕ್ಕರನ್ನು ಹಿಡಿದು, ಟೇಪನ್ನು ಕೆಲವು ದಿನ ಒಣಗಲು ಬಿಟ್ಟು, ಬಿಚ್ಚಿ ಒರೆಸಿ, ಬೇರೆ ಕ್ಯಾಸೆಟ್ಟಿನ ಡಬ್ಬಿಗೆ ಹಾಕಿ, ಸರ್ವಿಸ್ ಮಾಡಿದ ವಿಸಿಆರ್‌ನಿಂದ ಕಂಪ್ಯೂಟರಿಗೆ ಇಳಿಸಿದೆವು. ಇದರಲ್ಲಿ ಅವಸರ ನಡೆಯಲ್ಲ. ಎರಡೂವರೆ ಗಂಟೆ ಟೇಪ್ ಅಂದ್ರೆ ಎರಡೂವರೆ ಗಂಟೆ ಕೂರಲೇಬೇಕು.

ಮೊದಲ ಹತ್ತು ನಿಮಿಷ ಪರದೆ ತುಂಬ ಬರೀ ಹಿಮ ಸುರಿದ ಹಾಗೆ. ಚಿತ್ರ ಇಲ್ಲ. ಆದರೆ ದನಿ ಸ್ಪಷ್ಟವಾಗಿ ಬಂತು! ಆ ಕಾಲದ ಸಾಮಾನ್ಯ ವಿಎಚ್‌ಎಸ್‌ನಲ್ಲಿ ಚಿತ್ರವನ್ನು ಓದೋದು ಗಿರಗಿರ ತಿರುಗೋ ಹೆಡ್, ಶಬ್ದವನ್ನು ಓದೋದು ಟೇಪಿನ ಅಂಚಿನಲ್ಲಿ ಸುಮ್ಮನೆ ನಿಂತ ಇನ್ನೊಂದು ಹೆಡ್. ಒಂದು ಸೋತರೂ ಇನ್ನೊಂದು ಉಳಿಯಬಹುದು. ಆಮೇಲೆ ನಿಧಾನಕ್ಕೆ ಚಿತ್ರವೂ ತೆರೆದುಕೊಂಡಿತು. ಅಗಸ್ತ್ಯೇಶ್ವರ, ದಂಡೆಯ ಚಪ್ಪರಗಳು, ಎತ್ತಿನ ಗಾಡಿಗಳು, ಜನವೋ ಜನ. ಹಿಂದಿನಿಂದ ಮೇಷ್ಟ್ರ ದನಿ, ನಮ್ಮೂರಲ್ಲಿ ಇಂಥದ್ದು ಇದೇ ಮೊದಲನೇ ಸಲ ನಡೀತಿರೋದು ಅಂತ. ಅಕ್ಕ ನಿಲ್ಲಿಸಿ ಇನ್ನೊಂದು ಸಲ ಕೇಳಿಸಿಕೊಂಡಳು. ಚೀಟಿಯಲ್ಲಿ ಇಲ್ಲದ ಇಸವಿ ದನಿಯಲ್ಲಿ ಸಿಕ್ಕಿತ್ತು. 1989. ಕ್ಯಾಮೆರಾದ ತಾರೀಖು ಆವತ್ತಿನ ದಿನಗಳಲ್ಲಿ ನಂಬೋ ಹಾಗಿಲ್ಲ, ಯಾರೂ ಸರಿಯಾಗಿ ಇಟ್ಟಿರುತ್ತಿರಲಿಲ್ಲ. ಮನುಷ್ಯನ ಮಾತು ನಂಬಬಹುದಾಗಿತ್ತು.

ತೊಡಕು ಬಂದದ್ದು ಇದಾದ ಮೇಲೆ. ಚಿತ್ರಕ್ಕೆ ದುಡ್ಡು ಹಾಕಿದ ಕಡೆಯಿಂದ ಒಬ್ಬರು ಫೋನ್ ಮಾಡಿದರು. ಈ ಟೇಪು ಮಸುಕಾಗಿದೆ, ಪ್ರಯಾಗದ ಕುಂಭಮೇಳದ್ದು ಒಳ್ಳೇ ಫುಟೇಜ್ ಸೆಕೆಂಡ್ ಲೆಕ್ಕದಲ್ಲಿ ಸಿಗುತ್ತೆ, ಅದನ್ನೇ ಹಾಕೋಣ, ನೀರು ನೀರೇ ಅಲ್ವಾ, ಯಾರಿಗೆ ಗೊತ್ತಾಗುತ್ತೆ ಅಂದರು. ಅಕ್ಕ ಕೂಗಾಡಲಿಲ್ಲ. "ನರಸೀಪುರದವರಿಗೆ ಗೊತ್ತಾಗುತ್ತೆ ಸಾರ್. ಕಾಶಿಗಿಂತ ಗುಲಗಂಜಿ ತೂಕ ಹೆಚ್ಚು ಅನ್ನೋ ಊರು, ಪ್ರಯಾಗ ತೋರಿಸಿದ್ರೆ ಬಿಡ್ತಾರಾ?" ಅಂದಳು. ಆಮೇಲೆ ಗಂಭೀರವಾಗಿಯೇ ಹೇಳಿದಳು: ಒಂದು ಸುಳ್ಳು ಚಿತ್ರ ಸೇರಿಸಿದರೆ, ಇನ್ನು ಇಪ್ಪತ್ತು ವರ್ಷಕ್ಕೆ ಇನ್ಯಾರೋ ನಮ್ಮ ಚಿತ್ರದಿಂದ ತೆಗೆದುಕೊಂಡು "ನರಸೀಪುರ 1989" ಅಂತ ಹಾಕ್ತಾರೆ, ಅಲ್ಲಿಗೆ ಅದೇ ಚರಿತ್ರೆ ಆಗುತ್ತೆ.

ಎರಡು ದಿನ ಜಗ್ಗಾಟ ಆಯ್ತು. ಕೆಲಸ ಕೈತಪ್ಪಬಹುದು ಅಂತ ಅವಳೂ ನಿದ್ದೆಗೆಟ್ಟಳು. ಕೊನೆಗೆ ಒಪ್ಪಿಕೊಂಡರು. ದನಿ ತೆಗೆದು ಸಂಗೀತ ಹಾಕೋಣ ಅನ್ನೋ ಮಾತೂ ಬಂದಿತ್ತು, ಅದೂ ಬಿದ್ದುಹೋಯ್ತು. ಮೇಷ್ಟ್ರ ಮಾತು 14 ಸೆಕೆಂಡ್ ಹಾಗೇ ಉಳಿದಿದೆ. ಹಳೇ ಟೇಪಿನ ಚೌಕ ಚಿತ್ರವನ್ನು ಈಗಿನ ಅಗಲ ಪರದೆಗೆ ಎಳೆಯಬಾರದು ಅಂತ ನಾನೂ ಹಟ ಮಾಡಿದೆ. ಎಳೆದರೆ ಜನ ಕುಳ್ಳಗೆ, ತೇರು ದಪ್ಪಗೆ ಕಾಣುತ್ತೆ. ಎರಡೂ ಬದಿ ಕಪ್ಪು ಬಿಟ್ಟರು.

ಒಂದು ಚಿತ್ರವನ್ನು ಮಾತ್ರ ಅಕ್ಕನೇ ಬೇಡ ಅಂದಳು. ಸಂಗಮದಲ್ಲಿ ಹೆಂಗಸರು ಸ್ನಾನ ಮಾಡಿ ಒದ್ದೆ ಸೀರೆಯಲ್ಲಿ ಮೇಲೆ ಬರ್ತಿರೋದು. ಟೇಪಿನಲ್ಲೇ ಅದು ಅತಿ ಚೆನ್ನಾಗಿ ಉಳಿದ ಭಾಗ, ಬೆಳಕೂ ಚೆನ್ನಾಗಿತ್ತು. "ಅವ್ರು ಸ್ನಾನಕ್ಕೆ ಬಂದೋರು, ಸಿನಿಮಾಗೆ ಬಂದೋರಲ್ಲ. ಅವರನ್ನ ಈಗ ಎಲ್ಲಿ ಹೋಗಿ ಕೇಳೋದು?" ಅಂದಳು. ಪಟ್ಟಿಯಲ್ಲಿ ಆ ಸಾಲಿನ ಮುಂದೆ 'ಬಳಸುವಂತಿಲ್ಲ' ಅಂತ ಬರೆದೆ.

ಮೇಷ್ಟ್ರ ಮನೆಗೆ ಮತ್ತೆ ಹೋದದ್ದು ಕಾಗದ ಸಹಿ ಮಾಡಿಸೋಕೆ. ಕನ್ನಡದಲ್ಲೇ ಬರೆದ ಒಂದು ಪುಟ: ಯಾವ ಚಿತ್ರಕ್ಕೆ, ಎಷ್ಟು ಸೆಕೆಂಡ್, ಎಷ್ಟು ವರ್ಷಕ್ಕೆ, ಎಷ್ಟು ದುಡ್ಡು, ಮೂಲ ಕ್ಯಾಸೆಟ್ ವಾಪಸ್ಸು. "ದುಡ್ಡೆಲ್ಲ ಯಾಕಮ್ಮ" ಅಂದರು. "ಅವರು ಖರ್ಚು ಮಾಡಿದ್ರಲ್ಲ, ಅದು ವಾಪಸ್ ಬಂತು ಅಂದ್ಕೊಳ್ಳಿ" ಅಂದಳು ಅಕ್ಕ. ಅಮ್ಮ ನಕ್ಕು ಸಹಿ ಹಾಕಿದರು. ನಾನು ಪೆನ್‌ಡ್ರೈವ್ ಅವರ ಟೀವಿಗೆ ಸಿಗಿಸಿ, ಚಿತ್ರ ಬರದ ಆ ಮೊದಲ ಹತ್ತು ನಿಮಿಷವನ್ನೇ ಹಾಕಿದೆ. ಪರದೆ ಮೇಲೆ ಬಿಳಿ ಚುಕ್ಕೆ, ಕೋಣೆ ತುಂಬ ಮೇಷ್ಟ್ರು. ಅಮ್ಮ ಸೆರಗಿನ ತುದಿ ಬಾಯಿಗೆ ಒತ್ತಿಕೊಂಡು ಕೂತರು. ಸ್ವಲ್ಪ ಹೊತ್ತಾದ ಮೇಲೆ, "ಆವತ್ತು ನೆಗಡಿ ಆಗಿತ್ತು ಅವ್ರಿಗೆ, ಗೊತ್ತಾಗುತ್ತೆ ನೋಡಿ" ಅಂದರು.

ಓದುಗರೇ, ನಿಮ್ಮ ಅಟ್ಟದ ಮೇಲೂ ಇಂಥ ಒಂದು ಕ್ಯಾಸೆಟ್ ಇರಬಹುದು, ಅಥವಾ ಸೂಪರ್ 8 ರೀಲಿನ ಸಣ್ಣ ಡಬ್ಬಿ. ಬಿಳಿ ಪುಡಿ ಕಂಡರೆ, ರೀಲು ಹುಳಿ ವಾಸನೆ ಹೊಡೆದರೆ ದಯವಿಟ್ಟು ಓಡಿಸಿ ನೋಡಬೇಡಿ, ಬಲ್ಲವರಿಗೆ ಕೊಡಿ. ಒಣಗಿದ, ತಂಪಾದ ಜಾಗದಲ್ಲಿ ಪುಸ್ತಕದ ಹಾಗೆ ನಿಲ್ಲಿಸಿಡಿ. ಕಂಪ್ಯೂಟರಿಗೆ ಇಳಿಸಿದ ಮೇಲೂ ಮೂಲವನ್ನು ಎಸೆಯಬೇಡಿ. ಎಲ್ಲಕ್ಕಿಂತ ಮೊದಲು, ಮನೆಯಲ್ಲಿ ಹಿರಿಯರು ಇರುವಾಗಲೇ ಅವರನ್ನು ಪಕ್ಕ ಕೂರಿಸಿಕೊಂಡು, ಇದು ಯಾವ ಊರು, ಯಾವ ವರ್ಷ, ಯಾರ್ಯಾರಿದ್ದಾರೆ ಅಂತ ಒಂದು ಚೀಟಿಯಲ್ಲಿ ಬರೆದಿಡಿ. ಯಾವ ಸಾಫ್ಟ್‌ವೇರೂ ಆ ಚೀಟಿ ಬರೆಯಲಾರದು, ನಾನು ಅದೇ ಕೆಲಸದವನಾಗಿ ಹೇಳ್ತಿದ್ದೀನಿ.

ನಂಜನಗೂಡಿನ ನಾಲ್ಕು ಚೀಲದಲ್ಲಿ ಇನ್ನೂ ಒಂದೂವರೆ ಚೀಲ ನನ್ನ ಮನೆಯಲ್ಲಿದೆ. ಪ್ರತಿ ಭಾನುವಾರ ಒಂದೊಂದು ಕ್ಯಾಸೆಟ್ ಇಳಿಸ್ತೀನಿ. ಹೋದ ವಾರ ಒಂದು ನಾಮಕರಣ ಸಿಕ್ಕಿತು. ತೊಟ್ಟಿಲ ಮಗುವಿಗೆ ಈಗ ನನ್ನಷ್ಟೇ ವಯಸ್ಸಿರಬೇಕು. ಮನೆ ವಿಳಾಸ ಹುಡುಕ್ತಿದ್ದೀನಿ.